ಕೊಡಲಿ ಕಾವು ಕುಲಕ್ಕೆ ಸಾವು
(ಸಂಘದ ಸಭೆಯಲ್ಲಿ ಓದಿ ಚರ್ಚಿಸಲು ಪಾಠ. ಓದು ಬಲ್ಲ ಸದಸ್ಯೆ ಉಳಿದವರಿಗೆ ಗಟ್ಟಿಯಾಗಿ ಓದಿ ಹೇಳಬೇಕು.)



ಈ ಸಲದ ಪಾಠ ಉಳಿತಾಯದ ಬಗ್ಗೆ ಅಲ್ಲ, ಸಾಲದ ಕಂತಿನ ಬಗ್ಗೆಯೂ ಅಲ್ಲ. ಮಾತಿನ ಬಗ್ಗೆ. ನೆರೆಮನೆಯವರ ಗುಟ್ಟನ್ನು ಒಯ್ದು ಆಳುವವರ ಕಿವಿಗೆ ಮುಟ್ಟಿಸುವ ಮಾತಿನ ಬಗ್ಗೆ. "ಅದು ನಮಗ್ಯಾಕ ಬೇಕ್ರೀ?" ಎಂದು ನೀವು ಕೇಳಬಹುದು. ಆದರೆ ಬೈಲಹೊಂಗಲ, ಕಿತ್ತೂರು, ಸವದತ್ತಿ, ರಾಮದುರ್ಗದ ನಮ್ಮ ಸೀಮೆಯ ದೊಡ್ಡ ಕಥೆಗಳಲ್ಲೆಲ್ಲ ಇಂಥ ಮಾತು ಬಂದುಹೋಗಿದೆ. ಆ ಕಥೆಗಳನ್ನು ಲಾವಣಿಯಲ್ಲಿ ಕೇಳಿದ್ದೇವೆ, ನಾಟಕದಲ್ಲಿ ನೋಡಿದ್ದೇವೆ. ಈಗ ಒಮ್ಮೆ ಕೂತು ವಿಚಾರ ಮಾಡೋಣ.

ಕೊಡಲಿ ಕಾವು ಕುಲಕ್ಕೆ ಸಾವು ಎಂದು ಹಿರಿಯರು ಹೇಳುತ್ತಾರೆ. ಕೊಡಲಿ ಕಬ್ಬಿಣದ್ದು. ಕಾವು ಇಲ್ಲದಿದ್ದರೆ ಅದರಿಂದ ಒಂದು ಟೊಂಗೆಯನ್ನೂ ಕಡಿಯಲು ಆಗುವುದಿಲ್ಲ. ಆ ಕಾವು ಬರುವುದು ಗಿಡದಿಂದಲೇ. ಹೊರಗಿನಿಂದ ಬಂದು ಆಳುವವರಿಗೂ ಹೀಗೆಯೇ ಒಂದು ಕಾವು ಬೇಕಾಗುತ್ತದೆ.

ಕಿತ್ತೂರಿನಲ್ಲಿ ನಡೆದದ್ದು

ಕಿತ್ತೂರಿನ ದೇಸಾಯಿ ಶಿವಲಿಂಗರುದ್ರ ಸರ್ಜ 1824ರಲ್ಲಿ ತೀರಿಕೊಂಡರು. ಶಿವಲಿಂಗಪ್ಪ ಎಂಬ ಹುಡುಗನನ್ನು ದತ್ತಕ ಮಾಡಿಕೊಂಡಿದ್ದರು. ಧಾರವಾಡದಲ್ಲಿದ್ದ ಕಂಪನಿಯ ಕಲೆಕ್ಟರ್ ಥ್ಯಾಕರೆ ಆ ದತ್ತಕವನ್ನು ಒಪ್ಪಲಿಲ್ಲ. ಸಂಸ್ಥಾನದ ಖಜಾನೆಗೆ ಕೈಹಾಕಲು ಬಂದ. ಅಕ್ಟೋಬರ್ 23ರಂದು ಯುದ್ಧವಾಗಿ ಥ್ಯಾಕರೆ ಸತ್ತ. ಡಿಸೆಂಬರಿನಲ್ಲಿ ಕಂಪನಿಯವರು ಬಹಳ ದೊಡ್ಡ ಫೌಜು ತಂದರು, ಕೋಟೆ ಬಿತ್ತು. ರಾಣಿ ಚೆನ್ನಮ್ಮನನ್ನು ಬೈಲಹೊಂಗಲದ ಕೋಟೆಯಲ್ಲಿ ಸೆರೆ ಇಟ್ಟರು. ಅಲ್ಲಿಯೇ 1829ರ ಫೆಬ್ರುವರಿಯಲ್ಲಿ ಆಕೆ ಪ್ರಾಣ ಬಿಟ್ಟಳು. ಆಕೆಯ ಸಮಾಧಿ ಬೈಲಹೊಂಗಲದಲ್ಲಿದೆ.

ಈ ಕಥೆಯನ್ನು ಆಡುವ ನಾಟಕಗಳಲ್ಲಿ ದರ್ಬಾರಿನ ಒಳಗಿದ್ದುಕೊಂಡೇ ಕಂಪನಿಗೆ ಸುದ್ದಿ ಮುಟ್ಟಿಸುವ ಪಾತ್ರಗಳು ಬರುತ್ತವೆ. ಅವರು ರಂಗದ ಮೇಲೆ ಬಂದ ಕೂಡಲೇ ಜನ ಬೈಯುತ್ತಾರೆ. ಅದಕ್ಕಿಂತ ಹೆಚ್ಚು ವಿಚಾರ ಮಾಡಬೇಕಾದದ್ದು ಮುಂದಿನ ಕಥೆ. ಯಾಕಂದರೆ ಅದು ದರ್ಬಾರಿನಲ್ಲಿ ಅಲ್ಲ, ಹಳ್ಳಿಗಳಲ್ಲಿ ನಡೆಯಿತು.

ಸಂಗೊಳ್ಳಿ ರಾಯಣ್ಣನನ್ನು ಹಿಡಿಸಿದ್ದು

ಸಂಗೊಳ್ಳಿ ಈಗಿನ ಬೈಲಹೊಂಗಲ ತಾಲೂಕಿನ ಊರು. ರಾಯಣ್ಣ ಅಲ್ಲಿಯ ಶೇತಸನದಿ. ಅಂದರೆ ಊರು ಕಾಯುವ ಸೇವೆ ಮಾಡಿ, ಅದರ ಬದಲಿಗೆ ಹೊಲ ಉಣ್ಣುವವನು. 1824ರ ಯುದ್ಧದಲ್ಲಿ ಹೋರಾಡಿದ್ದ. ಕೋಟೆ ಬಿದ್ದ ಮೇಲೆ ಊರೂರುಗಳಲ್ಲಿ ಕಂಪನಿಯ ಆಡಳಿತ ಕೂತಿತು. ಇಂಥ ಸೇವೆಯ ಹೊಲಗಳ ಮೇಲೆ ಕಂದಾಯ ಏರಿತು, ಕೆಲವು ಕೈತಪ್ಪಿ ಹೋದವು. 1830ರ ಜನವರಿಯಲ್ಲಿ ರಾಯಣ್ಣ ಜನ ಕೂಡಿಸಿಕೊಂಡು ಎದ್ದ. ಬೀಡಿಯ ಕಚೇರಿಗೆ ಬೆಂಕಿ ಬಿತ್ತು. ಕಂದಾಯದ, ಜಮೀನಿನ ಕಾಗದಪತ್ರಗಳು ಸುಟ್ಟವು. ಶಿವಲಿಂಗಪ್ಪನನ್ನು ಮತ್ತೆ ಕಿತ್ತೂರಿನ ಗಾದಿಗೆ ಕೂಡಿಸಬೇಕೆಂಬುದು ಅವನ ಹಟ.

ಕಂಪನಿಯವರ ಹತ್ತಿರ ಬಂದೂಕು ಇದ್ದವು, ಕುದುರೆ ಇದ್ದವು, ರೊಕ್ಕ ಇತ್ತು. ಆದರೂ ಮೂರು ತಿಂಗಳು ಅವನು ಕೈಗೆ ಸಿಗಲಿಲ್ಲ. ಯಾವ ಹಳ್ಳ ಎಲ್ಲಿಗೆ ಹೋಗಿ ಸೇರುತ್ತದೆ, ಯಾವ ಗುಡ್ಡದ ಹಿಂದೆ ನೀರಿದೆ, ನಿನ್ನೆ ರಾತ್ರಿ ಯಾರ ಮನೆಯಲ್ಲಿ ರೊಟ್ಟಿ ಬಡಿದರು, ಇದು ಯಾವುದೂ ಸಾಹೇಬರಿಗೆ ತಿಳಿಯದು. ಊರಿನವರಿಗೆ ಮಾತ್ರ ಗೊತ್ತು.

ಕಡೆಗೆ 1830ರ ಏಪ್ರಿಲಿನಲ್ಲಿ ರಾಯಣ್ಣ ಸಿಕ್ಕುಬಿದ್ದ. ಗೆಳೆಯರೆಂದು ನಂಬಿದವರೇ ಜೊತೆಯಲ್ಲಿದ್ದು, ಹಳ್ಳದಲ್ಲಿ ಜಳಕ ಮಾಡುವಾಗ ಖಡ್ಗ ದೂರ ಮಾಡಿ ಹಿಡಿಸಿದರು ಎಂದು ಜನ ಹೇಳಿಕೊಂಡು ಬಂದಿದ್ದಾರೆ. 1831ರ ಜನವರಿ 26ರಂದು ಖಾನಾಪುರ ತಾಲೂಕಿನ ನಂದಗಡದಲ್ಲಿ ಅವನನ್ನು ಗಲ್ಲಿಗೇರಿಸಿದರು. ಮಕ್ಕಳಾಗಲೆಂದು ಹರಕೆ ಹೊತ್ತ ಹೆಣ್ಣುಮಕ್ಕಳು ಇಂದಿಗೂ ಅಲ್ಲಿ ತೊಟ್ಟಿಲು ಕಟ್ಟುತ್ತಾರೆ.

ಹಿಡಿದುಕೊಟ್ಟವರ ಹೆಸರು, ಅವರ ಊರು ಇಂಥದ್ದೆಂದು ಜನ ಹೇಳುವುದುಂಟು. ನಾವು ಇಲ್ಲಿ ಬರೆದಿಲ್ಲ, ಬೇಕೆಂದೇ ಬಿಟ್ಟಿದ್ದೇವೆ. ಸುಮಾರು 200 ವರ್ಷದ ಹಿಂದೆ ಯಾರೋ ಮಾಡಿದ್ದಕ್ಕೆ ಇಂದು ಆ ಊರಿಗೆ ಸೊಸೆಯಾಗಿ ಬಂದವಳು, ಅಲ್ಲಿ ಶಾಲೆಗೆ ಹೋಗುವ ಹುಡುಗ ಮಾತು ಕೇಳಬೇಕೇ? ತಪ್ಪು ಮಾಡಿದವರು ಕೆಲವರು. ಊರಿಗೆ ಊರೇ ಅಲ್ಲ, ಜಾತಿಗೆ ಜಾತಿಯೇ ಅಲ್ಲ.

ಇನ್ನೊಂದು ಲೆಕ್ಕವನ್ನು ನಾವು ಮರೆಯುತ್ತೇವೆ. ಮೂರು ತಿಂಗಳು ಅವನು ಬದುಕಿದ್ದು ಹೇಗೆ? ಅವನನ್ನು ನೋಡಿದವರು, ಗುರುತು ಹಿಡಿದವರು, ಬುತ್ತಿ ಕೊಟ್ಟವರು ಬಹಳ ಜನ ಇದ್ದಿರಲೇಬೇಕು. ಅವರೆಲ್ಲ ಬಾಯಿ ಬಿಡಲಿಲ್ಲ. ಹೇಳಿದವರ ಹೆಸರು ಕಥೆಯಲ್ಲಿ ಉಳಿಯಿತು. ಹೇಳದೆ ಉಳಿದವರ ಹೆಸರು ಎಲ್ಲಿಯೂ ಇಲ್ಲ. ಅವರಲ್ಲಿ ಒಲೆ ಮುಂದೆ ಕೂತ ಹೆಣ್ಣುಮಕ್ಕಳೇ ಎಷ್ಟು ಜನರೋ.

ಯಾಕೆ ಹೇಳುತ್ತಾರೆ?

ಚಾಡಿಕೋರರು ಹುಟ್ಟಿನಿಂದಲೇ ಹಾಗೆ ಇರುತ್ತಾರೆ ಎಂದುಕೊಂಡರೆ ಪಾಠ ಇಲ್ಲಿಗೇ ಮುಗಿಯಿತು. ಹಾಗಲ್ಲ. ನಾಲ್ಕು ಕಾರಣಗಳನ್ನು ನೋಡೋಣ.

1. ಆಸೆ: ಇನಾಮು ಸಿಗುತ್ತದೆ, ಹೊಲ ಸಿಗುತ್ತದೆ, ಸಾಹೇಬರ ಹತ್ತಿರ ಮಾನ ಸಿಗುತ್ತದೆ ಎಂಬುದು.

2. ಭಯ: ಹೇಳದಿದ್ದರೆ ನನ್ನ ವತನ ಹೋಗುತ್ತದೆ, ನನ್ನ ಮಗನನ್ನು ಒಯ್ಯುತ್ತಾರೆ ಎಂಬುದು. ಗೌಡಕಿ, ಕುಲಕರ್ಣಿಕಿ ಇದ್ದವರು ಕಂಪನಿಗೂ ಲೆಕ್ಕ ಕೊಡಬೇಕು, ಊರಿಗೂ ಮುಖ ತೋರಿಸಬೇಕು. ಕಾಗದಪತ್ರ ಸುಟ್ಟಾಗ ಅವರಿಗೆ ನಷ್ಟವೂ ಆಗಿತ್ತು.

3. ಹಗೆ: ಬದುವಿನ ಜಗಳ, ನೀರಿನ ಜಗಳ, ಕೊಟ್ಟು ತರುವ ಸಂಬಂಧದ ಜಗಳ ಮೊದಲಿನಿಂದ ಇರುತ್ತದೆ. ಆಳುವವರು ಬದಲಾದಾಗ ಹಳೆಯ ಸೇಡಿಗೆ ಹೊಸ ಬಾಗಿಲು ತೆರೆಯುತ್ತದೆ.

4. ಕೊರತೆ: ಸಾಲ, ಹಸಿವು, ಮನೆಯಲ್ಲಿ ಬೇನೆ. ಕೈಯಲ್ಲಿ ಏನೂ ಇಲ್ಲದವರನ್ನು ಕೊಂಡುಕೊಳ್ಳುವುದು ಬಹಳ ಸಸ್ತಾ.

ಈ ನಾಲ್ಕರಲ್ಲಿ ಯಾವುದನ್ನೂ ಹೊರಗಿನವರು ತರಲಿಲ್ಲ. ಅವು ಊರಿನಲ್ಲಿಯೇ ಇದ್ದವು. ಹೊರಗಿನವರು ಅವನ್ನು ಬಳಸಿಕೊಂಡರು, ಅಷ್ಟೇ.

ಅಣ್ಣ ತಮ್ಮಂದಿರ ನಡುವೆ: ಸುರೇಬಾನ, 1858

ರಾಮದುರ್ಗದ ಸದಸ್ಯೆಯರಿಗೆ ಸುರೇಬಾನ ಗೊತ್ತು. ನರಗುಂದದ ಸಂಸ್ಥಾನಿಕ ಬಾಬಾಸಾಹೇಬ, ಅಂದರೆ ಭಾಸ್ಕರರಾವ್ ಭಾವೆ, ಮಕ್ಕಳಿಲ್ಲದವರು. ಕಿತ್ತೂರಿನಂತೆ ಅಲ್ಲಿಯೂ ದತ್ತಕಕ್ಕೆ ಒಪ್ಪಿಗೆ ಸಿಗಲಿಲ್ಲ. ಬಾಬಾಸಾಹೇಬ ಒಳಗೊಳಗೇ ಬಂಡಾಯಕ್ಕೆ ಸಿದ್ಧರಾದರು. ರಾಮದುರ್ಗದ ಸಂಸ್ಥಾನಿಕರು ಅವರಿಗೆ ಮಲಸಹೋದರ. 1858ರ ಮೇ ತಿಂಗಳಲ್ಲಿ ಬ್ರಿಟಿಷ್ ಪೊಲಿಟಿಕಲ್ ಏಜೆಂಟ್ ಮ್ಯಾನ್ಸನ್ ರಾಮದುರ್ಗಕ್ಕೆ ಬಂದಾಗ, ನರಗುಂದದವರ ಮನಸ್ಸು ಸರಿ ಇಲ್ಲ, ಆ ಕಡೆ ಹೋಗುವುದು ಅಪಾಯ ಎಂಬ ಎಚ್ಚರಿಕೆ ಅವನಿಗೆ ಸಿಕ್ಕಿದ್ದು ಈ ಸಹೋದರನ ಮನೆಯಿಂದಲೇ. ಮ್ಯಾನ್ಸನ್ ಕೇಳಲಿಲ್ಲ. ಮೇ 29ರ ರಾತ್ರಿ ಸುರೇಬಾನದಲ್ಲಿ ತಂಗಿದ್ದಾಗ ಬಾಬಾಸಾಹೇಬರ ಜನ ಮುತ್ತಿ ಅವನನ್ನು ಕೊಂದರು. ಜೂನ್ ಮೊದಲಲ್ಲಿ ನರಗುಂದ ಬಿತ್ತು. ಯಾತ್ರಿಕರ ವೇಷದಲ್ಲಿ ಹೊರಟಿದ್ದ ಬಾಬಾಸಾಹೇಬ ತೊರಗಲ್ಲಿನ ಅಡವಿಯ ಕಡೆ ಸಿಕ್ಕರು. ಜೂನ್ 12ರಂದು ಬೆಳಗಾವಿಯಲ್ಲಿ ಅವರನ್ನು ಗಲ್ಲಿಗೇರಿಸಿದರು.

ರಾಮದುರ್ಗದವರು ಮಾಡಿದ್ದು ದ್ರೋಹವೇ? ಅವರು ತಮ್ಮ ಊರನ್ನೂ ಮಂದಿಯನ್ನೂ ಉಳಿಸಿಕೊಳ್ಳಬೇಕಿತ್ತು ಎಂದು ಒಬ್ಬರು ಹೇಳಬಹುದು. ಒಂದು ಮನುಷ್ಯನ ಜೀವ ಉಳಿಯಲೆಂದು ಹೇಳಿದರು ಎಂದು ಮತ್ತೊಬ್ಬರು ಹೇಳಬಹುದು. ಆದರೆ ಒಂದು ಸಂಗತಿ ನಿಜ. ಪರರ ಆಳ್ವಿಕೆಯಲ್ಲಿ ಸಹೋದರರ ನಡುವಿನ ಮಾತು ಕೂಡ ಸಹೋದರರ ನಡುವೆ ಉಳಿಯಲಿಲ್ಲ. ಪರರು ಆಳುವಾಗ ಮೊದಲು ಮುರಿಯುವುದು ಕೋಟೆ ಅಲ್ಲ, ಮನೆಗಳ ನಡುವಿನ ನಂಬಿಕೆ.

ಬೇರೆ ನಾಡುಗಳಲ್ಲಿ

ಎರಡನೆಯ ಮಹಾಯುದ್ಧದಲ್ಲಿ ನಮ್ಮ ದೇಶದ ಅಂಡಮಾನ್ ದ್ವೀಪಗಳನ್ನು ಜಪಾನಿ ಸೈನ್ಯ 1942ರ ಮಾರ್ಚಿನಲ್ಲಿ ಹಿಡಿಯಿತು. 1945ರವರೆಗೆ ಅವರದೇ ಆಳ್ವಿಕೆ. ಬ್ರಿಟಿಷರಿಗೆ ಸುದ್ದಿ ಮುಟ್ಟಿಸುವವರು ದ್ವೀಪದಲ್ಲಿದ್ದಾರೆಂಬ ಸಂಶಯ ಅವರಿಗೆ ಬಂತು. ಹಿಡಿದವರನ್ನು ಹಿಂಸಿಸಿ, ಅವರ ಬಾಯಿಂದ ಮತ್ತೊಬ್ಬರ ಹೆಸರು ಹೊರಡಿಸಿದರು. ನೋವು ತಾಳದ ಮನುಷ್ಯ ಯಾರ ಹೆಸರನ್ನಾದರೂ ಹೇಳುತ್ತಾನೆ. ಜನಸೇವೆ ಮಾಡುತ್ತಿದ್ದ ಡಾಕ್ಟರ್ ದೀವಾನ್ ಸಿಂಗ್ ಎಂಬ ವೈದ್ಯರು, ಪಂಜಾಬಿ ಕವಿಗಳು, ಹೀಗೆಯೇ ಸೆರೆಯಾಗಿ ಚಿತ್ರಹಿಂಸೆಯಿಂದ 1944ರ ಜನವರಿಯಲ್ಲಿ ಸತ್ತರು. ಅದೇ ತಿಂಗಳ 30ರಂದು ಹಂಫ್ರೀಗಂಜ್ ಎಂಬಲ್ಲಿ 44 ಜನರನ್ನು ಗೂಢಚಾರರೆಂದು ಗುಂಡಿಟ್ಟು ಕೊಂದರು. ಸುಳ್ಳು ಚಾಡಿಯೂ ನಿಜವಾದ ಸುದ್ದಿಯಷ್ಟೇ ಜೀವ ತೆಗೆಯುತ್ತದೆ ಎಂಬುದಕ್ಕೆ ಇದಕ್ಕಿಂತ ಬೇರೆ ಸಾಕ್ಷಿ ಬೇಡ.

ಯೂರೋಪಿನ ಹಾಲೆಂಡ್ ದೇಶವನ್ನು ಜರ್ಮನಿಯ ಹಿಟ್ಲರನ ಸೈನ್ಯ 1940ರಲ್ಲಿ ಹಿಡಿದಿತ್ತು. ಯೆಹೂದ್ಯರನ್ನು ಹುಡುಕಿ ಹುಡುಕಿ ಸಾವಿನ ಶಿಬಿರಗಳಿಗೆ ಕಳಿಸುತ್ತಿದ್ದರು. 1943ರಲ್ಲಿ ಅಡಗಿದ್ದ ಒಬ್ಬ ಯೆಹೂದ್ಯನನ್ನು ಹಿಡಿದುಕೊಟ್ಟರೆ ಏಳೂವರೆ ಗಿಲ್ಡರ್ ಇನಾಮು ಇತ್ತು. ಗಿಲ್ಡರ್ ಅಂದರೆ ಅಲ್ಲಿಯ ರೂಪಾಯಿ. ಅದನ್ನೇ ದಂಧೆ ಮಾಡಿಕೊಂಡ ಒಂದು ತಂಡ ಕೆಲವೇ ತಿಂಗಳಲ್ಲಿ 8,000ಕ್ಕೂ ಹೆಚ್ಚು ಜನರನ್ನು ಹಿಡಿಸಿತು. ಆನ್ ಫ್ರಾಂಕ್ ಎಂಬ ಹುಡುಗಿಯ ದಿನಚರಿಯ ಬಗ್ಗೆ ನಿಮ್ಮ ಮಕ್ಕಳು ಶಾಲೆಯಲ್ಲಿ ಕೇಳಿರಬಹುದು. ಎರಡು ವರ್ಷ ಅಡಗಿದ್ದ ಆ ಎಂಟು ಜನ 1944ರ ಆಗಸ್ಟ್ 4ರಂದು ಸಿಕ್ಕರು. ಅವರಲ್ಲಿ ಬದುಕಿ ಬಂದದ್ದು ಆಕೆಯ ತಂದೆ ಒಬ್ಬರೇ. ಯಾರಾದರೂ ಹೇಳಿಕೊಟ್ಟರೇ, ಯಾರು ಎಂಬುದು ಇಂದಿಗೂ ಇತ್ಯರ್ಥವಾಗಿಲ್ಲ.

ಯುದ್ಧ ಮುಗಿದ ಮೇಲೂ ಪೆಟ್ಟು ಬಿದ್ದದ್ದು ದುರ್ಬಲರ ಮೇಲೆ. ಫ್ರಾನ್ಸಿನಲ್ಲಿ ಶತ್ರುವಿನ ಜೊತೆ ಸೇರಿದ್ದರೆಂದು ಸುಮಾರು 20,000 ಹೆಂಗಸರ ತಲೆ ಬೋಳಿಸಿದರು, ಎಷ್ಟೋ ಊರುಗಳಲ್ಲಿ ಬೀದಿಯಲ್ಲಿ ಮೆರೆಸಿದರು. ಶತ್ರುವಿನ ಜೊತೆ ವ್ಯಾಪಾರ ಮಾಡಿ ಗಳಿಸಿದ ಎಷ್ಟೋ ಗಂಡಸರು ತಲೆ ಎತ್ತಿಕೊಂಡೇ ತಿರುಗಿದರು.

ಇಡೀ ಊರು ಬಾಯಿ ಮುಚ್ಚಿದಾಗ

ಅದೇ ಹಾಲೆಂಡಿನಲ್ಲಿ ನ್ಯೂಲಾಂಡೆ ಎಂಬ ಒಂದು ಸಣ್ಣ ಹಳ್ಳಿ. ಬೇಸಾಯಗಾರರ ಊರು. ಅಲ್ಲಿಯವರು ಒಂದು ಕರಾರು ಮಾಡಿಕೊಂಡರು. ಪ್ರತಿ ಮನೆಯೂ ಒಂದು ಯೆಹೂದ್ಯ ಕುಟುಂಬವನ್ನು, ಆಗದಿದ್ದರೆ ಒಬ್ಬರನ್ನಾದರೂ ಅಡಗಿಸಿ ಇಟ್ಟುಕೊಳ್ಳಬೇಕು. ಎಲ್ಲರ ಮನೆಯಲ್ಲೂ ಅದೇ ಗುಟ್ಟು ಇದ್ದ ಮೇಲೆ ಯಾರು ಯಾರ ಮೇಲೆ ಹೇಳುತ್ತಾರೆ? ಈ ಊರಿನ ನೂರಕ್ಕೂ ಹೆಚ್ಚು ಜನರನ್ನು ಯೆಹೂದ್ಯರ ದೇಶ ಇಸ್ರೇಲ್ ನಂತರ ಹೆಸರು ಹಿಡಿದು ಗೌರವಿಸಿತು.

ಅಕ್ಕ ತಂಗಿಯರೇ, ಈ ಕರಾರು ನಮಗೆ ಹೊಸದಲ್ಲ. ನಮ್ಮ ಸಂಘಗಳು ನಿಂತಿರುವುದೂ ಸಾಮೂಹಿಕ ಹೊಣೆಯ ಮೇಲೆಯೇ. ಒಬ್ಬಳ ಸಾಲಕ್ಕೆ ಎಲ್ಲರೂ ಜಾಮೀನು. ಆದರೆ ಒಂದು ಮಾತು ಗಮನಿಸಬೇಕು. ಸಾಮೂಹಿಕ ಹೊಣೆ ಎರಡು ಕಡೆ ಹರಿಯುತ್ತದೆ. ಒಬ್ಬಳ ಕಷ್ಟವನ್ನು ಎಲ್ಲರೂ ಹೊತ್ತರೆ ಸಂಘ ನ್ಯೂಲಾಂಡೆಯಂತೆ ಆಗುತ್ತದೆ. ಕಂತು ಕಟ್ಟಲಾರದವಳನ್ನು ಎಲ್ಲರೂ ಕಾಯತೊಡಗಿದರೆ ಸಂಘವೇ ಠಾಣೆಯಾಗುತ್ತದೆ.

ವಸೂಲಿಯವನು ಓಣಿಗೆ ಬಂದು, "ಅಕಿ ಮನ್ಯಾಗ ಅದಾಳೇನ್ರೀ? ಎಲ್ಲಿಗೆ ಹೋಗ್ಯಾಳ? ಯಾರ ಮನ್ಯಾಗ ದುಡೀತಾಳ?" ಎಂದು ಕೇಳುತ್ತಾನೆ. ಬಾಗಿಲಲ್ಲಿ ನಿಂತ ನಮಗೆ ಉತ್ತರ ಗೊತ್ತಿರುತ್ತದೆ. ಅವಳ ಕಿವಿಯೋಲೆ ಅಡವಿಟ್ಟದ್ದು, ತವರಿನಿಂದ ರೊಕ್ಕ ತಂದದ್ದು, ಗಂಡನ ಕುಡಿತ ಎಲ್ಲವನ್ನೂ ಅವಳು ಸಭೆಯಲ್ಲಿ ನಮ್ಮನ್ನು ನಂಬಿ ಹೇಳಿರುತ್ತಾಳೆ. ಅದನ್ನು ಅವನ ಕೈಗೆ ಕೊಡಬೇಕೇ? ಸಂಘದ ಬಾಕಿ ಇದ್ದರೆ ಸಭೆಯಲ್ಲಿ ಅವಳ ಎದುರಿಗೇ ಮಾತಾಡಬೇಕು. ಕಂತು ಸಣ್ಣದು ಮಾಡುವುದೋ, ಅವಧಿ ಕೊಡುವುದೋ ಠರಾವು ಬರೆದು ನಿರ್ಧರಿಸಬೇಕು. ಕೊರತೆಯಲ್ಲಿರುವವರನ್ನು ಕೊಳ್ಳುವುದು ಸಸ್ತಾ ಎಂದು ಮೇಲೆ ಹೇಳಿದೆವು. ಹಾಗಾದರೆ ನಮ್ಮಲ್ಲಿ ಅತಿ ಬಡವಳ ಕೈ ಹಿಡಿಯುವುದು ದಾನವಲ್ಲ, ಇಡೀ ಸಂಘಕ್ಕೆ ಬೇಲಿ ಹಾಕಿದಂತೆ.

ಹಾಗಾದರೆ ಏನನ್ನೂ ಹೇಳಬಾರದೇ?

ಇಲ್ಲಿ ತಪ್ಪು ತಿಳಿಯಬಾರದು. ಬಾಯಿ ಮುಚ್ಚಿಕೊಂಡಿರುವುದು ಯಾವಾಗಲೂ ಒಳ್ಳೆಯದಲ್ಲ. ಪಕ್ಕದ ಮನೆಯಲ್ಲಿ ಹೆಂಡತಿಯನ್ನು ಬಡಿಯುವುದು ದಿನಾ ಕೇಳುತ್ತದೆ. 15 ವರ್ಷದ ಹುಡುಗಿಗೆ ಲಗ್ನ ಗೊತ್ತು ಮಾಡಿದ್ದಾರೆ. ಹುಡುಗಿಯೊಬ್ಬಳಿಗೆ ದೇವರ ಹೆಸರಿನಲ್ಲಿ ಮುತ್ತು ಕಟ್ಟುವ ಸುದ್ದಿ ಬಂದಿದೆ. ಆಗ "ಅವರ ಮನಿ ವಿಷಯ, ನಮಗ್ಯಾಕ?" ಎಂದು ಸುಮ್ಮನಿರುವುದು ಚಾಡಿಯಷ್ಟೇ ದೊಡ್ಡ ತಪ್ಪು.

ಕಾನೂನು ಕೂಡ ಹೇಳುವವರ ಬೆನ್ನಿಗಿದೆ. ಕೌಟುಂಬಿಕ ಹಿಂಸೆ ತಡೆಯುವ 2005ರ ಕಾಯಿದೆಯಲ್ಲಿ, ಹಿಂಸೆ ನಡೆದಿದೆ ಎಂದು ನಂಬಲು ಕಾರಣವಿರುವ ಯಾರೇ ಆಗಲಿ ಸಂರಕ್ಷಣಾ ಅಧಿಕಾರಿಗೆ ತಿಳಿಸಬಹುದು. ಒಳ್ಳೆಯ ಮನಸ್ಸಿನಿಂದ ತಿಳಿಸಿದವರ ಮೇಲೆ ದಾವೆ ಹಾಕಲು ಬರುವುದಿಲ್ಲ. 2006ರ ಬಾಲ್ಯವಿವಾಹ ನಿಷೇಧ ಕಾಯಿದೆಯಂತೆ ಹುಡುಗಿಗೆ 18, ಹುಡುಗನಿಗೆ 21 ತುಂಬಿರಬೇಕು. ದೇವದಾಸಿ ಬಿಡುವುದನ್ನು ನಮ್ಮ ರಾಜ್ಯ 1982ರ ಕಾಯಿದೆಯಿಂದಲೇ ಅಪರಾಧ ಮಾಡಿದೆ. ಮಕ್ಕಳ ಸಹಾಯವಾಣಿ 1098, ಮಹಿಳಾ ಸಹಾಯವಾಣಿ 181, ತುರ್ತಿಗೆ 112. ಈ ಮೂರು ನಂಬರುಗಳನ್ನು ಸಂಘದ ಠರಾವು ಪುಸ್ತಕದ ಮೊದಲ ಪುಟದಲ್ಲಿ ಬರೆದಿಡಿ.

ಚಾಡಿ ಯಾವುದು, ಸಾಕ್ಷಿ ಯಾವುದು ಎಂದು ತಿಳಿಯಲು ಹೇಳುವ ಮೊದಲು ನಾಲ್ಕು ಪ್ರಶ್ನೆ ಕೇಳಿಕೊಳ್ಳೋಣ:

• ನಾನು ಕಣ್ಣಾರೆ ನೋಡಿದ್ದೋ, ಇಲ್ಲ ಅವರಿವರು ಹೇಳಿದ್ದೋ?
• ನಾನು ಹೇಳಿದರೆ ಯಾರಿಗೆ ರಕ್ಷಣೆ? ಪೆಟ್ಟು ತಿನ್ನುವವರಿಗೋ, ಪೆಟ್ಟು ಕೊಡುವವರಿಗೋ?
• ಇದರಿಂದ ನನಗೆ ಲಾಭ ಇದೆಯೇ? ಹಳೆಯ ಸಿಟ್ಟು ಒಳಗಿದೆಯೇ?
• "ನಾ ಹೇಳೀನಿ ಅಂತ ಮಾತ್ರ ಹೇಳಬ್ಯಾಡ್ರಿ" ಎನ್ನುವುದು ಜೀವಭಯದಿಂದಲೋ, ನಾಚಿಕೆಯಿಂದಲೋ? ಜೀವಭಯವಿದ್ದರೆ ಹೆಸರು ಗುಟ್ಟಾಗಿಡಿ ಎಂದು ಕೇಳುವುದು ತಪ್ಪಲ್ಲ. ನಾಚಿಕೆ ಇದ್ದರೆ ಆ ಮಾತನ್ನು ಹೇಳದಿರುವುದೇ ಮೇಲು.

ರಾಯಣ್ಣನ ಸುಳಿವು ಕೊಟ್ಟವರ ಮಾತು ಬಲವಿದ್ದವರ ಕೈಯನ್ನು ಇನ್ನಷ್ಟು ಬಲ ಮಾಡಿತು. ಬಡಿಸಿಕೊಳ್ಳುವ ಹೆಣ್ಣುಮಗಳ ಪರವಾಗಿ ಫೋನ್ ಮಾಡುವವಳ ಮಾತು ಬಲವಿಲ್ಲದವಳ ಕೈ ಹಿಡಿಯುತ್ತದೆ. ಎರಡೂ ಸುದ್ದಿ ಮುಟ್ಟಿಸುವುದೇ. ಆದರೆ ಒಂದು ಕೊಡಲಿಯ ಕಾವು, ಇನ್ನೊಂದು ಬಿದ್ದವರಿಗೆ ಕೊಡುವ ಊರುಗೋಲು. ಎರಡೂ ಕಟ್ಟಿಗೆಯವೇ.

ಸಭೆಯಲ್ಲಿ ಚರ್ಚಿಸೋಣ

1. ರಾಯಣ್ಣನನ್ನು ಹಿಡಿಸಿದವರಿಗೆ ಮೇಲಿನ ನಾಲ್ಕು ಕಾರಣಗಳಲ್ಲಿ ಯಾವುದು ಇದ್ದಿರಬಹುದು? ಒಂದೇ ಇತ್ತೋ, ಹೆಚ್ಚು ಇದ್ದವೋ?
2. ರಾಮದುರ್ಗದ ಸಂಸ್ಥಾನಿಕರ ಜಾಗದಲ್ಲಿ ನೀವಿದ್ದರೆ ಏನು ಮಾಡುತ್ತಿದ್ದಿರಿ? ಎರಡೂ ಕಡೆಯ ಮಾತು ಬರಲಿ.
3. ನಮ್ಮ ಸಂಘದ ಸಭೆಯಲ್ಲಿ ಆಡಿದ ಮಾತು ಹೊರಗೆ ಹೋದದ್ದುಂಟೇ? ಯಾರ ಹೆಸರನ್ನೂ ಹಿಡಿಯದೆ, ಅದರಿಂದ ಏನಾಯಿತು ಎಂಬುದನ್ನಷ್ಟೇ ಹೇಳಿ.
4. ನಮ್ಮ ಓಣಿಯಲ್ಲಿ ಈಗ ಹೇಳಲೇಬೇಕಾದ, ಆದರೆ ಎಲ್ಲರೂ ಸುಮ್ಮನಿರುವ ಸಂಗತಿ ಇದೆಯೇ?

ಮಾಡೋಣ: ಈ ಪಾಠ ಮುಗಿದ ಮೇಲೆ ಎಲ್ಲರೂ ಒಪ್ಪಿ ಎರಡು ಸಾಲಿನ ಠರಾವು ಬರೆಯಿರಿ. ಸಭೆಯಲ್ಲಿ ನಂಬಿ ಹೇಳಿದ್ದು ಸಭೆಯಲ್ಲೇ ಉಳಿಯುತ್ತದೆ. ಜೀವಕ್ಕೆ, ಮಕ್ಕಳಿಗೆ ಅಪಾಯವಿದ್ದರೆ ಮಾತ್ರ ಹೇಳಬೇಕಾದವರಿಗೆ ಸಂಘವೇ ಒಟ್ಟಾಗಿ ಹೇಳುತ್ತದೆ, ಒಬ್ಬಳನ್ನೇ ಮುಂದೆ ಮಾಡುವುದಿಲ್ಲ. ಇದರ ಕೆಳಗೆ ಎಲ್ಲರೂ ಸಹಿ ಇಲ್ಲವೇ ಹೆಬ್ಬೆಟ್ಟು ಹಾಕಿರಿ. ಬಾರದಿದ್ದ ಸದಸ್ಯೆಯರಿಗೆ ಮುಂದಿನ ಸಭೆಯಲ್ಲಿ ಓದಿ ಹೇಳಿ, ಅವರ ಸಹಿಯನ್ನೂ ತಗೊಳ್ಳಿ.